ಡಬ್ಬಿಯ ಮೇಲೆ ವಿಷ, ಬಾಯಲ್ಲಿ ಔಷಧಿ

'ಹೊಲಕ್ಕೆ ಔಷಧಿ ಹೊಡೆಯಬೇಕು' ಎಂಬ ಮಾತನ್ನು ನೀವು ಹಳ್ಳಿಗಳಲ್ಲಿ ಕೇಳಿರುತ್ತೀರಿ. ಔಷಧಿ ಎಂದು ನಾವು ಕರೆಯುವ ಆ ಕೀಟನಾಶಕದ ಡಬ್ಬಿಯ ಮೇಲೆ ವಜ್ರಾಕಾರದ ಒಂದು ಗುರುತು ಇರುತ್ತದೆ. ಅದರ ಕೆಳಗಿನ ಅರ್ಧದಲ್ಲಿ ಕೆಂಪು, ಹಳದಿ, ನೀಲಿ ಅಥವಾ ಹಸಿರು ಬಣ್ಣ. ಮೇಲಿನ ಅರ್ಧದಲ್ಲಿ ಎಚ್ಚರಿಕೆ. ಈ ಗುರುತು ಹೇಗೆ ಬಂತು? ಅದು ಯಾರನ್ನು ಕಾಪಾಡಿದೆ, ಯಾರನ್ನು ಕಾಪಾಡಿಲ್ಲ?

ಜರ್ಮನಿಯ ರಸಾಯನವಿಜ್ಞಾನಿ ಗೆರ್ಹಾರ್ಡ್ ಶ್ರಾಡರ್ 1930ರ ದಶಕದಲ್ಲಿ ಕೀಟನಾಶಕಗಳಿಗಾಗಿ ರಂಜಕದ ಸಾವಯವ ಸಂಯುಕ್ತಗಳನ್ನು ಪರೀಕ್ಷಿಸತೊಡಗಿದರು. 1936ರಲ್ಲಿ ಅವರಿಗೆ ದೊರೆತ ಟ್ಯಾಬುನ್ ಎಷ್ಟು ಘೋರವಾಗಿತ್ತೆಂದರೆ ಅದು ಯುದ್ಧದ ವಿಷಾನಿಲಗಳ ಪಟ್ಟಿಗೆ ಸೇರಿತು. ಅದೇ ಕುಟುಂಬದ ಪ್ಯಾರಾಥಿಯಾನ್ 1940ರ ದಶಕದಲ್ಲಿ ರೂಪುಗೊಂಡು, ಯುದ್ಧಾನಂತರ ಹೊಲಗಳಿಗೆ ಇಳಿಯಿತು.

ಇವು ದೇಹದಲ್ಲಿ ಮಾಡುವುದೇನು? ನರದಿಂದ ಸ್ನಾಯುವಿಗೆ ಸಂದೇಶ ಒಯ್ಯುವ ವಸ್ತು ಅಸಿಟೈಲ್‌ಕೋಲಿನ್. ಕೆಲಸ ಮುಗಿದೊಡನೆ ಅದನ್ನು ಒಡೆಯುವುದು ಕೋಲಿನೆಸ್ಟರೇಸ್ ಎಂಬ ಕಿಣ್ವ. ರಂಜಕದ ಈ ವಿಷಗಳು ಆ ಕಿಣ್ವವನ್ನೇ ಕಟ್ಟಿಹಾಕುತ್ತವೆ. ಸಂದೇಶ ನಿಲ್ಲುವುದೇ ಇಲ್ಲ. ಜೊಲ್ಲು, ಬೆವರು, ವಾಂತಿ, ಕುಗ್ಗಿದ ಕಣ್ಣಪಾಪೆ, ಅದುರುವ ಸ್ನಾಯುಗಳು, ಕೊನೆಗೆ ಉಸಿರಾಟದ ಸೋಲು. ಕೀಟದಲ್ಲೂ ಮನುಷ್ಯನಲ್ಲೂ ಇದೇ ಕಿಣ್ವ ಇರುವುದರಿಂದ ವಿಷಕ್ಕೆ ಇಬ್ಬರ ನಡುವೆ ಭೇದವಿಲ್ಲ.

ಭಾರತ ಇದನ್ನು ಅರಿತದ್ದು ದೊಡ್ಡ ಬೆಲೆ ತೆತ್ತ ಮೇಲೆ. 1958ರಲ್ಲಿ ಹಡಗಿನಲ್ಲಿ ಆಹಾರಪದಾರ್ಥಗಳೊಡನೆ ಸಾಗಿಸಿದ ಪ್ಯಾರಾಥಿಯಾನ್ ಸೋರಿ ಗೋಧಿಗೆ ಬೆರೆಯಿತು. ಅದನ್ನು ತಿಂದ 100ಕ್ಕೂ ಹೆಚ್ಚು ಜನ ಕೇರಳದಲ್ಲಿ ಸತ್ತರು. ವಿಚಾರಣಾ ಆಯೋಗ ನೇಮಕವಾಯಿತು. ಹತ್ತು ವರ್ಷಗಳ ನಂತರ, 1968ರಲ್ಲಿ, ಕೀಟನಾಶಕಗಳ ಕಾಯ್ದೆ ಬಂತು. 1971ರಲ್ಲಿ ಅದರ ನಿಯಮಗಳು ಬಂದವು. ಡಬ್ಬಿಯ ಮೇಲಿನ ಬಣ್ಣಗಳು ಆ ನಿಯಮಗಳಿಂದ ಬಂದವು.

ಬಣ್ಣದ ಹಿಂದೆ ಒಂದು ಅಳತೆ ಇದೆ. ಪ್ರಯೋಗದ ಪ್ರಾಣಿಗಳಲ್ಲಿ ಅರ್ಧದಷ್ಟು ಸಾಯಲು ದೇಹತೂಕದ ಪ್ರತಿ ಕಿಲೋಗ್ರಾಮಿಗೆ ಎಷ್ಟು ಮಿಲಿಗ್ರಾಂ ವಿಷ ಬೇಕು ಎಂಬುದೇ ಆ ಅಳತೆ. ಬಾಯಿಯ ಮೂಲಕ 50 ಮಿಲಿಗ್ರಾಮಿನೊಳಗೇ ಕೊಲ್ಲುವಂಥದಕ್ಕೆ ಕೆಂಪು, 500ರವರೆಗೆ ಹಳದಿ, 5000ದವರೆಗೆ ನೀಲಿ, ಅದಕ್ಕೂ ಮೇಲ್ಪಟ್ಟು ಹಸಿರು. ಸಂಖ್ಯೆ ಚಿಕ್ಕದಾದಷ್ಟೂ ವಿಷ ಪ್ರಬಲ ಎಂಬುದನ್ನು ಗಮನಿಸಿ. ಹಸಿರು ಎಂದರೆ ನಿರಪಾಯ ಎಂದಲ್ಲ. ಚರ್ಮದ ಮೂಲಕ ಸೇರುವ ವಿಷಕ್ಕೂ ಇಂಥದೇ ಬೇರೆ ಮಿತಿಗಳಿವೆ.

ಕೃಷಿ ಕಾರ್ಮಿಕನ ಮಟ್ಟಿಗೆ ಮುಖ್ಯ ದಾರಿ ಈ ಚರ್ಮವೇ. ನಿಯಮಗಳು ಬಂದ 1971ರಲ್ಲೇ ಅಮೆರಿಕದ ಸಂಶೋಧಕರು ಸ್ವಯಂಸೇವಕರ ಚರ್ಮದ ಬೇರೆಬೇರೆ ಭಾಗಗಳಿಗೆ ಅತ್ಯಲ್ಪ ಪ್ಯಾರಾಥಿಯಾನ್ ಸವರಿ ಅಳೆದರು. ಮುಂದೋಳಿನಿಂದ ಒಳಸೇರಿದ್ದು ಸುಮಾರು ಶೇಕಡ 9, ಹಣೆಯಿಂದ 36, ಕಂಕುಳಿನಿಂದ 64. ಬೆನ್ನಿಗೆ ಕಟ್ಟಿದ ಪಂಪು ಸೋರಿ ಅಂಗಿ ತೊಯ್ದಾಗ, ಹಣೆಯ ಬೆವರನ್ನು ವಿಷದ ಕೈಯಿಂದಲೇ ಒರೆಸಿಕೊಂಡಾಗ ಏನಾಗುತ್ತದೆಂದು ಈಗ ನೀವೇ ಊಹಿಸಬಹುದು.

1971ರ ನಿಯಮಗಳಿಗೆ ಇದೆಲ್ಲ ತಿಳಿಯದೆ ಇರಲಿಲ್ಲ. ರಕ್ಷಣಾ ಉಡುಪು, ಉಸಿರಾಟದ ಸಾಧನ, ಕಾರ್ಮಿಕರಿಗೆ ತರಬೇತಿ, ಪ್ರಥಮ ಚಿಕಿತ್ಸೆ ಎಲ್ಲವನ್ನೂ ಅವು ಹೇಳುತ್ತವೆ. ಇಂಥ ವಿಷಗಳನ್ನು ನಿರ್ವಹಿಸುವವರ ರಕ್ತದ ಕೋಲಿನೆಸ್ಟರೇಸ್ ಮಟ್ಟವನ್ನು ತಿಂಗಳಿಗೊಮ್ಮೆ ಅಳೆಯಬೇಕೆಂಬ ವಿಧಿಯೂ ಇದೆ. ಕಾರ್ಖಾನೆಯಲ್ಲಿ ಹಾಜರಿ ಪುಸ್ತಕವಿದೆ, ವೈದ್ಯರಿದ್ದಾರೆ. ಇಂದು ಒಂದು ಹೊಲ, ನಾಳೆ ಇನ್ನೊಂದು ಹೊಲ ಎಂದು ದಿನಗೂಲಿಗೆ ಹೋಗುವವರ ರಕ್ತ ಅಳೆಯುವವರು ಯಾರು? ಡಬ್ಬಿ ಕೊಳ್ಳುವವರು ಒಬ್ಬರು, ಹೊಡೆಯುವವರು ಇನ್ನೊಬ್ಬರು. ಎಷ್ಟೋ ಸಲ ಪಂಪಿಗೆ ವಿಷ ಬೆರೆಸಿ ಕೊಟ್ಟ ಮೇಲೆ ಬಣ್ಣದ ಗುರುತು ಕೂಲಿಕಾರರ ಕಣ್ಣಿಗೇ ಬೀಳುವುದಿಲ್ಲ.

2017ರಲ್ಲಿ ಮಹಾರಾಷ್ಟ್ರದ ಯವತ್ಮಾಳದಲ್ಲಿ ನಡೆದದ್ದು ಇದನ್ನು ನೆನಪಿಸಿತು. ಹತ್ತಿ ಹೊಲಗಳಲ್ಲಿ ಕೀಟನಾಶಕ ಸಿಂಪಡಿಸಿದ ರೈತರು, ಕೂಲಿಕಾರರು ನೂರಾರು ಸಂಖ್ಯೆಯಲ್ಲಿ ಆಸ್ಪತ್ರೆ ಸೇರಿದರು. 20ರಷ್ಟು ಜನ ಸತ್ತರು. ಕಾಯ್ದೆ ಬಂದು ಆಗ ಅರ್ಧ ಶತಮಾನವೇ ಆಗುತ್ತ ಬಂದಿತ್ತು.

ಚಿಕಿತ್ಸೆ ಇಲ್ಲವೆಂದಲ್ಲ. ಅಟ್ರೊಪಿನ್ ಅಸಿಟೈಲ್‌ಕೋಲಿನ್‌ನ ಹಾವಳಿಯನ್ನು ತಡೆಯುತ್ತದೆ. 1950ರ ದಶಕದಲ್ಲಿ ಬಂದ ಪ್ರಾಲಿಡಾಕ್ಸಿಮ್ ಕಿಣ್ವವನ್ನು ಬಿಡಿಸಬಲ್ಲದು, ಆದರೆ ಬೇಗ ಕೊಡಬೇಕು. ಯಾವ ವಿಷವೆಂದು ತಿಳಿದರೆ ವೈದ್ಯರಿಗೆ ಚಿಕಿತ್ಸೆ ಸುಲಭ. ಆದ್ದರಿಂದ ರೋಗಿಯೊಡನೆ ಡಬ್ಬಿಯ ಚೀಟಿಯನ್ನೂ ಒಯ್ಯಬೇಕು. ಅದಕ್ಕೂ ಮೊದಲು ತೊಯ್ದ ಬಟ್ಟೆ ಬಿಚ್ಚಿ, ಮೈಯನ್ನು ಸೋಪು ನೀರಿನಿಂದ ತೊಳೆಯಬೇಕು. ತೊಳೆಯುವವರು ಬರಿಗೈಯಲ್ಲಿ ಮುಟ್ಟಬಾರದು.

ಶಿಕ್ಷಕರೇ, ಆ ನಾಲ್ಕು ಬಣ್ಣಗಳನ್ನು ಒಮ್ಮೆ ಕಪ್ಪು ಹಲಗೆಯ ಮೇಲೆ ಬರೆದು ವಿವರಿಸಿ. ಖಾಲಿ ಡಬ್ಬಿಗಳನ್ನು ಮಾತ್ರ ತರಗತಿಗೆ ತರಿಸಬೇಡಿ, ಅವುಗಳಲ್ಲೂ ವಿಷ ಉಳಿದಿರುತ್ತದೆ. ವಿದ್ಯಾರ್ಥಿಗಳೇ, ಮನೆಗೆ ಹೋಗಿ ಡಬ್ಬಿಯ ಮೇಲಿನದನ್ನು ಪಂಪು ಹೊರುವವರಿಗೆ ಓದಿ ಹೇಳಿ. ಅದನ್ನು ಔಷಧಿ ಎನ್ನದೆ ವಿಷ ಎಂದೇ ಕರೆಯಿರಿ. ಹೆಸರು ಸರಿಯಾದರೆ ಎಚ್ಚರವೂ ಮೂಡೀತು.