ತೋರ್ಸೋರು ಇದ್ರ ಊರು ಉಳಿತದ

ಈಗ ನಮ್ಮ ಕಡಿ ಮಂದಿನೂ ದೂರ ದೂರ ಹೋಗಿ ಬರ್ತಾರ. ಮಗನೋ ಮಗಳೋ ಪರದೇಶದಾಗ ನೌಕರಿ ಮಾಡ್ತಿದ್ರ ತಾಯಿ-ತಂದಿ ಎರಡು ತಿಂಗಳು ಇದ್ದು ಬರ್ತಾರ. ಬಂದಮ್ಯಾಲ ಮನಿಮನಿಗೆ ಫೋನ್ ಹಿಡಕೊಂಡು ಫೋಟೋ ತೋರಸೋ ಕೆಲಸ. ರೋಮಿಗೆ ಹೋಗಿದ್ರಂತೂ ಒಂದು ಮಾತು ಬಂದೇ ಬರ್ತದ: "ಗುಡಿ ಕೆಳಗ ಗುಡಿ ಅದರಿ ಅಲ್ಲಿ. ಮುಂದ ಒಬ್ಬಾಕಿ ಛತ್ರಿ ಎತ್ತಿ ಹಿಡಕೊಂಡು ಹೊಂಟಿದ್ಲು, ಆಕಿ ಹಿಂದ ನಾವೆಲ್ಲ ನಡದ್ವಿ. ಒಂದೊಂದು ಕಲ್ಲಿಗೂ ಒಂದೊಂದು ಕಥಿ ಹೇಳಿದ್ಲು." ಕೇಳಿದವರು "ಅಬಾಬಾ, ಎಂಥಾ ಮಂದಿರೀ ಅವರು" ಅಂತಾರ. ನಮ್ಮ ಯಾದಗಿರಿ, ಶಹಾಪುರ, ಸುರಪುರದ ಸುತ್ತನೂ ಹಂಗ ನಡದು ನೋಡೋವಂಥದ್ದು ಬೇಕಾದಷ್ಟು ಅದ. ಮುಂದ ನಡದು ಹೇಳೋರು ಇಲ್ಲ, ಅಷ್ಟೇ. ಆ 'ಅಷ್ಟೇ' ಎಷ್ಟು ದೊಡ್ಡದು ಅನ್ನೋದನ್ನ ಇವತ್ತು ಲೆಕ್ಕ ಹಾಕೋಣ ಬರ್ರಿ.

ಮೊದಲು ರೋಮಿನ ಸಂಗತಿ. ಅಲ್ಲಿ ಸಾನ್ ಕ್ಲೆಮೆಂತೆ ಅಂತ ಒಂದು ಚರ್ಚು ಅದ. ಕಣ್ಣಿಗೆ ಕಾಣೋದು 12ನೇ ಶತಮಾನದ ಕಟ್ಟಡ. ಮೆಟ್ಟಿಲು ಇಳದ್ರ 4ನೇ ಶತಮಾನದ ಚರ್ಚು. ಇನ್ನೂ ಕೆಳಗ ಇಳದ್ರ ಅದಕ್ಕಿಂತ ಹಳೇ ರೋಮನ್ನರ ಗ್ವಾಡಿಗಳು, ಮಿತ್ರಾಸ್ ಅನ್ನೋ ದೇವರ ಗುಡಿ. ಕೆಳಗಿನದೆಲ್ಲ ಮಣ್ಣು ಮುಚ್ಚಿ ಮಂದಿಗೆ ಮರತೇ ಹೋಗಿತ್ತು. 1857ರಾಗ ಜೋಸೆಫ್ ಮಲ್ಲೂಲಿ ಅನ್ನೋ ಐರ್ಲೆಂಡಿನ ಪಾದ್ರಿ ಅಗಿಯಾಕ ಶುರು ಮಾಡಿದ. ಅದೇ ರೋಮಿನಾಗ ಕ್ಯಾಟಕೂಂಬ್ ಅಂತ ನೆಲದಡಿ ಹೆಣ ಇಡೋ ಸುರಂಗಗಳೂ ಅವ. ಸಂತ ಕ್ಯಾಲಿಸ್ಟಸ್ ಸುರಂಗ ಒಂದೇ ಸುಮಾರು 20 ಕಿಲೋಮೀಟರ್ ಉದ್ದ ಅಂತ ಹೇಳ್ತಾರ. ಅದ್ರಾಗ ಹಳೇ ಪೋಪರ ಸಮಾಧಿಕ್ವಾಣಿ 1854ರಾಗ ಜೊವಾನ್ನಿ ದೆ ರೊಸ್ಸಿ ಅನ್ನೋ ಪಂಡಿತನಿಗೆ ಸಿಕ್ತು. ಇವತ್ತು ಆ ಸುರಂಗದೊಳಗ ಒಬ್ಬೊಬ್ಬರೇ ಹೋಗಂಗಿಲ್ಲ, ಗೈಡ್ ಜೋಡೀನೇ ಹೋಗಬೇಕು. ಅದು ಯಾಕಂದ್ರ ದಾರಿ ತಪ್ಪತದ. 1593ರಾಗ ಆಂಟೋನಿಯೊ ಬೊಸಿಯೊ ಅನ್ನೋ ದೊಡ್ಡ ಸಂಶೋಧಕನೇ ಅಲ್ಲಿನ ಒಂದು ಸುರಂಗದಾಗ ದಾರಿ ತಪ್ಪಿ ಗಾಬರಿ ಬಿದ್ದಿದ್ದ.

ಈಗ ಆ 1850ರ ದಶಕದಾಗೇ ನಮ್ಮ ಕಡಿ ಏನು ನಡದಿತ್ತು ನೋಡ್ರಿ.

ಸುರಪುರದಾಗ ಆವಾಗ ಫಿಲಿಪ್ ಮೆಡೋಸ್ ಟೇಲರ್ ಅನ್ನೋ ಸಾಹೇಬ ಇದ್ದ. ಹುಟ್ಟಿದ್ದು 1808ರಾಗ ಲಿವರ್‌ಪೂಲಿನಾಗ. ಇನ್ನೂ ಮೀಸಿ ಚಿಗುರದ ವಯಸ್ಸಿನಾಗ, 1824ಕ್ಕ, ಹಿಂದೂಸ್ಥಾನಕ್ಕ ಬಂದು ಹೈದ್ರಾಬಾದ ನಿಜಾಮರ ಫೌಜಿನಾಗ ಸೇರಿದ. 1841ರಿಂದ 1853ರ ತನಕ ಸುರಪುರ ಸಂಸ್ಥಾನದ ಕಾರಭಾರ ಅವನ ಕೈಯಾಗಿತ್ತು. ಸಣ್ಣ ಹುಡುಗ ರಾಜಾ ವೆಂಕಟಪ್ಪ ನಾಯಕ ಅವನಿಗೆ 'ಅಪ್ಪಾ' ಅಂತಿದ್ದ. ಮುಂದ 1858ರ ಬಂಡಾಯದಾಗ ಆ ರಾಜಾ ಸಿಕ್ಕು ಹರೇದಾಗೇ ಜೀವ ಕಳಕೊಂಡ, 1860ಕ್ಕ ಸುರಪುರ ನಿಜಾಮರ ಪಾಲಾತು. ಆ ಕಥಿ ನಮ್ಮ ಮನಿಮನಿಗೂ ಗೊತ್ತು. ಗುಡ್ಡದ ಮ್ಯಾಲಿನ ಟೇಲರ್ ಮಂಜಿಲ್ ಯಾವುದು ಅಂದ್ರ ಸಣ್ಣ ಹುಡುಗರೂ ಬೊಟ್ಟು ಮಾಡಿ ತೋರಿಸ್ತಾವ.

ಗೊತ್ತಿಲ್ಲದ್ದು ಏನಂದ್ರ, ಈ ಟೇಲರ್ ನಮ್ಮ ನೆಲ ಅಗದು ನೋಡಿದವನೂ ಹೌದು. ಭೀಮಾನದಿ ಸೀಮಿಯ ಜೇವರ್ಗಿ ಹತ್ರ ಕಲ್ಲುಗುಂಡಿನ ವರ್ತುಲ ಇಟ್ಟ ಹಳೇ ಗೋರಿಗಳು ಇದ್ವು. ಅವನ್ನ ಅಗಿಸಿದ. ಒಳಗ ಎಲುಬು, ಮಣ್ಣಿನ ಗಡಿಗಿ, ಕಬ್ಬಿಣದ ಆಯುಧ ಸಿಕ್ವು. ಕೆಲವು ಕಡಿ ತಲಿ ಬ್ಯಾರೆ, ಮೈ ಬ್ಯಾರೆ ಇಟ್ಟಿದ್ರು. ಸುಮ್ಮನ ಸಾಮಾನು ಎತ್ತಿಕೊಂಡು ಹೋಗಲಿಲ್ಲ ಅವ. ಮ್ಯಾಲಿನ ಮಣ್ಣು ಯಾವುದು, ಅದರ ಕೆಳಗಿನ ಪದರ ಯಾವುದು, ಕಲ್ಲು ಎಲ್ಲಿ, ಎಲುಬು ಎಲ್ಲಿ ಅಂತ ಗೋರಿ ಸೀಳಿ ನೋಡಿದಂಗ ಚಿತ್ರ ಬರದ. ಆ ಕಾಲಕ್ಕ ಹಂಗ ಬರಿಯೋರು ಜಗತ್ತಿನಾಗೇ ಕಡಿಮಿ. ಮುಂದ ನೂರು ವರ್ಷ ಕಳದ ಮ್ಯಾಲ ಮಾರ್ಟಿಮರ್ ವ್ಹೀಲರ್‌ನಂಥ ಪುರಾತತ್ವ ಪಂಡಿತ ಆ ಚಿತ್ರಗಳನ್ನ ಹೊಗಳಿದ.

ಸುರಪುರ ಸೀಮಿಯ ರಾಜನಕೊಳ್ಳೂರಿನಾಗ ದೊಡ್ಡ ದೊಡ್ಡ ಹಾಸುಗಲ್ಲು ನಿಲ್ಲಿಸಿ, ಮ್ಯಾಲೊಂದು ಹಾಸಿ ಮಾಡಿದ ಮನಿಯಂಥವು ಅವ. ಮಂದಿ ಅವಕ್ಕ 'ಮೋರೇರ ಅಂಗಡಿ' ಅಂತಾರ. ಮೋರೇರು ಅಂದ್ರ ಗೇಣುದ್ದದ ಕುಳ್ಳ ಮಂದಿ ಅಂತ ನಮ್ಮ ಹಿರೇರು ಹೇಳೋ ಕಥಿ ಟೇಲರನೂ ಕೇಳಿ ಬರಕೊಂಡಾನ. ಶಹಾಪುರದ ಹತ್ರ ವಿಭೂತಿಹಳ್ಳಿಯಾಗ ಬಯಲಿನ ತುಂಬ ಸಾಲು ಹಿಡದು ಗುಂಡುಗಲ್ಲು ಇಟ್ಟಿದ್ದನ್ನೂ ನೋಡಿ ಬರದ. ಆ ಸಾಲುಗಳು ಸೂರ್ಯ ಹುಟ್ಟೋ, ಮುಳುಗೋ ದಿಕ್ಕಿಗೆ ಕೂಡ್ತಾವ ಅಂತ ಇತ್ತೀಚಿನ ಸಂಶೋಧಕರು ಅಳತಿ ಮಾಡಿ ಹೇಳ್ಯಾರ. ಇವೆಲ್ಲ ಕಬ್ಬಿಣ ಬಳಕಿಗೆ ಬಂದ ಕಾಲದ್ದು, ಸುಮಾರಾಗಿ ಎರಡು-ಎರಡೂವರೆ ಸಾವಿರ ವರ್ಷಕ್ಕ ಕಡಿಮಿ ಇಲ್ಲ.

ಟೇಲರ್ ಹೇಳಿದ್ದೆಲ್ಲ ಖರೆ ಅಂತಲ್ಲ. ಇಂಥವೇ ಕಲ್ಲು ಐರ್ಲೆಂಡಿನಾಗ, ಇಂಗ್ಲೆಂಡಿನಾಗ ಇದ್ದದ್ದು ನೋಡಿ, ಎರಡೂ ಕಡಿ ಒಂದೇ ಕುಲದ ಮಂದಿ ಇಟ್ಟಿರಬೇಕು ಅಂತ ತಿಳಕೊಂಡ. ಇವತ್ತು ಅದನ್ನ ಯಾರೂ ಒಪ್ಪಂಗಿಲ್ಲ. ಖರೆ, ನೋಡಿದ್ದನ್ನ ನೋಡಿದಂಗೇ ಬರದಿಟ್ಟ. ಮುಂಬಯಿಯ ಏಷಿಯಾಟಿಕ್ ಸೊಸೈಟಿಗೆ ಬರದು ಕೊಟ್ಟ, 1862ರಾಗ ಡಬ್ಲಿನ್ನಿನ ರಾಯಲ್ ಐರಿಷ್ ಅಕಾಡೆಮಿ ಪಂಡಿತರ ಮುಂದನೂ ಇಟ್ಟ.

ಇಲ್ಲೇ ನೋಡ್ರಿ ಗಂಟು ಇರೋದು. ರೋಮಿನಾಗೂ ಅದೇ ದಶಕ, ನಮ್ಮಲ್ಲೂ ಅದೇ ದಶಕ. ಅಲ್ಲಿ ಅಗದದ್ದನ್ನ ಊರ ಮಂದಿಗೆ, ಬಂದ ಮಂದಿಗೆ ಕರಕೊಂಡು ಹೋಗಿ ತೋರಿಸಿದ್ರು. ತೋರಿಸ್ತಾ ತೋರಿಸ್ತಾ ಅದು ಊರಿನ ಸ್ವತ್ತಾತು, ಊಟಕ್ಕ ದಾರಿನೂ ಆತು. ನಮ್ಮಲ್ಲಿದ್ದು ಮುಂಬಯಿಗೆ ಹೋತು, ಡಬ್ಲಿನ್ನಿಗೆ ಹೋತು. ಜೇವರ್ಗಿಯ ರೈತನಿಗೆ, ವಿಭೂತಿಹಳ್ಳಿಯ ಕುರಿ ಕಾಯೋ ಹುಡುಗನಿಗೆ ಅವನ ಭಾಷಾದಾಗ ಹೇಳಿದವರು ಇಲ್ಲ. ಕಲ್ಲು ಕಲ್ಲಾಗೇ ಉಳೀತು. ಬದುವಿಗೆ ಬೇಕಾದಾಗ ಬದುವಿಗೆ, ಬುನಾದಿಗೆ ಬೇಕಾದಾಗ ಬುನಾದಿಗೆ ಹೋದ್ವು. ಹೊಲದವನಿಗೆ ಬೈದು ಉಪಯೋಗ ಏನು? ಅವನಿಗೆ ಅದು ನೇಗಿಲಿಗೆ ಅಡ್ಡ ಬರೋ ಗುಂಡು. ಕೆಲವು ಕಡಿ ಸರಕಾರದ ನೀಲಿ ಬೋರ್ಡು ಅದ. ಅದ್ರಾಗ 1958ರ ಕಾಯ್ದೆ ಅದ, ಜುಲ್ಮಾನೆ ಅದ, ಜೈಲು ಅದ. ಮುಟ್ಟಿದ್ರ ಏನಾಗ್ತದ ಅಂತ ಬರದಾರ, ಇದು ಏನು ಅಂತ ಬರದಿಲ್ಲ.

ಹಿಂಗ ಮರತದ್ದು ನೆಲದಡಿ ಇದ್ದದ್ದೊಂದೇ ಅಲ್ಲ. ನೆಲದ ಮ್ಯಾಲ ಕಣ್ಮುಂದ ಇರೋ ಚರ್ಚಿನ ಕಥಿನೂ ಹಂಗೇ ಆಗೇದ. "ಚರ್ಚು ಅಂದ್ರ ಬ್ರಿಟಿಷರು ಬಂದಮ್ಯಾಲ ಬಂದದ್ದು" ಅಂತ ಕಲತವರೂ ಅಂತಾರ. ಸುರಪುರದಿಂದ ತಿಂಥಣಿ ಬ್ರಿಜ್ ದಾಟಿ ಲಿಂಗಸುಗೂರ ಮ್ಯಾಲಿಂದ ಮುದಗಲ್ಲಿಗೆ ಹೋಗ್ರಿ. ಕೋಟಿ ನೋಡ್ರಿ, ಹೆಸರಾದ ಮೊಹರಂ ನಡಿಯೋ ಜಾಗ ನೋಡ್ರಿ, ಹಂಗೇ ಅಲ್ಲಿನ ಕ್ರೈಸ್ತರ ಚರ್ಚಿಗೂ ಹೋಗ್ರಿ. ಬಿಜಾಪುರದ ಆದಿಲಶಾಹಿ ಕಾಲದಾಗ ಗೋವಾ ಕಡಿಯಿಂದ ಬಂದ ಜೆಸ್ವಿಟ್ ಪಾದ್ರಿಗಳು ಕಟ್ಟಿದ ಸಭಾ ಅದು. ಸುಲ್ತಾನರೇ ಆ ಚರ್ಚಿಗೆ ಇನಾಮು ಕೊಟ್ಟಿದ್ರು. ಬಿಜಾಪುರದ ಗೋಳಗುಮ್ಮಟ ಮುಗದದ್ದು 1656ರಾಗ. ಅದಕ್ಕಿಂತ ಮೊದಲೇ ಮುದಗಲ್ಲಿನಾಗ ಯೇಸುವಿನ ಪ್ರಾರ್ಥನಾ ನಡೀತಿತ್ತು. ಟೇಲರನಿಗೆ ಈ ಊರು ಎಷ್ಟು ಮನಸಿಗೆ ಹತ್ತಿತ್ತಂದ್ರ, ಚಾಂದಬೀಬಿ ಮ್ಯಾಲ ಬರದ 'ಎ ನೋಬಲ್ ಕ್ವೀನ್' ಕಾದಂಬರಿಯಾಗ ಮುದಗಲ್ಲಿನ ಕ್ರೈಸ್ತರನ್ನೂ ತಂದಾನ. ಅವ 1876ರಾಗ ತೀರಿದ, ಪುಸ್ತಕ 1878ರಾಗ ಹೊರಗ ಬಂತು.

ಯಾದಗಿರಿಯ ಕಥಿ ಬ್ಯಾರೆ. ಅದು ರೈಲಿನ ಹಿಂದ ಬಂದದ್ದು. ಮುಂಬಯಿ ಕಡಿಯಿಂದ ಬಂದ ರೈಲು 1871ರಾಗ ರಾಯಚೂರಿನಾಗ ಮದ್ರಾಸಿನ ರೈಲಿಗೆ ಕೂಡ್ತು. ಯಾದಗಿರಿ ಆ ದಾರಿ ಮ್ಯಾಲಿನ ಸ್ಟೇಷನ್. ಆ ದಾರಿ ಹಿಡದು ನಿಜಾಮರ ಸೀಮಿಗೆ ಅಮೆರಿಕದ ಮೆಥಡಿಸ್ಟ್ ಮಿಷನ್ ಬಂತು. ಊರಿಗೆ ಚರ್ಚು ಬಂತು, ದವಾಖಾನಿ ಬಂತು. ಹೋಲ್‌ಸ್ಟನ್ ದವಾಖಾನಿ ಅನ್ನೋ ಹೆಸರು ಎಲ್ಲಿದು ಅಂತ ಯಾರೂ ಕೇಳಂಗಿಲ್ಲ. ಹೋಲ್‌ಸ್ಟನ್ ಅಂದ್ರ ಅಮೆರಿಕದ ಟೆನೆಸ್ಸಿ ಕಡಿ ಹರಿಯೋ ಹೊಳಿ. ಆ ಸೀಮಿಯ ಮೆಥಡಿಸ್ಟ್ ಸಭಾದ ಹೆಸರೂ ಅದೇ. ಭೀಮಾ ದಂಡಿ ಊರಿನ ದವಾಖಾನಿಗೆ ಇನ್ನೊಂದು ಹೊಳಿ ಹೆಸರು. ಇದನ್ನ ಒಂದು ಮಾತಿನಾಗ ಹೇಳಿದ್ರ ಸಣ್ಣ ಹುಡುಗರು ಜನ್ಮದಾಗ ಮರಿಯಂಗಿಲ್ಲ.

ಇದೆಲ್ಲ ಹೇಳೋದು ಯಾಕ? ಪಕ್ಕದ ಓಣಿಯವರ ಕಥಿ ಗೊತ್ತಿಲ್ಲದಿದ್ರ ಪಕ್ಕದ ಓಣಿಯವರೇ ಪರಕೀಯರು ಕಂಡಂಗ ಕಾಣ್ತಾರ. ನಾಕುನೂರು ವರ್ಷದಿಂದ ನಮ್ಮ ಜ್ವಾಳ, ನಮ್ಮ ನೀರು, ನಮ್ಮ ಬರಗಾಲ ಉಂಡವರನ್ನ "ನೀವು ಎಲ್ಲಿಂದ ಬಂದ್ರಿ" ಅಂತ ಕೇಳೋದು ಅದಕ್ಕೇ. ಒಂದು ಸಲ ಜೋಡಿ ನಡದು, ಕಟ್ಟಿ ಮ್ಯಾಲ ಕುಂತು, ಅವರ ಬಾಯಲೇ ಕಥಿ ಕೇಳಿದ್ರ ಆ ಪ್ರಶ್ನಿ ಬಾಯಿಗೆ ಬರಂಗಿಲ್ಲ.

ದೊಡ್ಡ ಕಂಪನಿ, ದೊಡ್ಡ ಬಸ್ಸು ಏನೂ ಬೇಕಾಗಿಲ್ಲ. ಮನಿಗೆ ಬೀಗರು ಬಂದಾಗ, ದೀಪಾವಳಿ ಸೂಟಿಗೆ ಮೊಮ್ಮಕ್ಕಳು ಬಂದಾಗ ಎರಡು ದಿನ ಇದಕ್ಕ ತಗೀರಿ. ಒಂದು ದಿನ ಯಾದಗಿರಿ ಚರ್ಚು, ಕೋಟಿ, ಅಲ್ಲಿಂದ ಶಹಾಪುರದ ಮಲಗಿದ ಬುದ್ಧನ ಗುಡ್ಡ, ವಿಭೂತಿಹಳ್ಳಿ. ಇನ್ನೊಂದು ದಿನ ಸುರಪುರದ ಮಂಜಿಲ್, ರಾಜನಕೊಳ್ಳೂರು. ಹುಣಸಗಿ ದಾರಿಯಾಗ ಇಸಾಂಪುರದ ಹೆಸರೂ ಹೇಳ್ರಿ. ಅಲ್ಲಿ ಡೆಕ್ಕನ್ ಕಾಲೇಜಿನ ಕೆ. ಪದ್ದಯ್ಯನವರು ಅಗದಾಗ ಆದಿಮಾನವರು ಕಲ್ಲಿನ ಕೊಡ್ಲಿ ಮಾಡೋ ಜಾಗ ಸಿಕ್ಕದ. ಸುಮಾರು 12 ಲಕ್ಷ ವರ್ಷದ್ದು ಅಂತ ಲೆಕ್ಕ ಹಾಕ್ಯಾರ. ಮುದಗಲ್ಲಿಗೆ ಮತ್ತೊಂದು ದಿನ ಇಟ್ಟುಕೊಳ್ರಿ.

ಕರಕೊಂಡು ಹೋಗೋರಿಗೆ ನಾಕು ಮಾತು. ದೀಪಾವಳಿಯಿಂದ ಶಿವರಾತ್ರಿ ತನಕ ಹೋಗ್ರಿ, ಬ್ಯಾಸಗಿಯಾಗ ಆ ಬಯಲಿನಾಗ ನೆಳ್ಳು ಇಲ್ಲ. ರೊಟ್ಟಿ ಬುತ್ತಿ, ಶೇಂಗಾ ಹಿಂಡಿ, ನೀರು ಮನಿಯಿಂದೇ ಇರಲಿ. ಐತವಾರ ಮುಂಜಾನಿ ಚರ್ಚಿನಾಗ ಪ್ರಾರ್ಥನಾ ಇರ್ತದ, ಅದು ಮುಗದ ಮ್ಯಾಲ ಕೇಳಿ ಒಳಗ ಹೋಗ್ರಿ. ಹಾಸುಗಲ್ಲಿನ ಮ್ಯಾಲ ಹತ್ತಿ ಫೋಟೋ ತಗಿಯೋದು ಬ್ಯಾಡ. ಗಡಿಗಿ ಚೂರು ಕಂಡ್ರ ನೋಡಿ ಅಲ್ಲೇ ಬಿಡ್ರಿ, ಕಿಸೇದಾಗ ಹಾಕೊಂಡು ಬಂದ್ರ ಅದು ಬರೇ ಚೂರು. ಮೋರೇರ ಕಥಿ ಹೇಳ್ರಿ, ಯಾಕಂದ್ರ ಅದೂ ನಮ್ಮದೇ. ಅದರ ಬೆನ್ನಿಗೇ "ಇವು ಹಳೇ ಮಂದಿ ತಮ್ಮವರನ್ನ ಮಣ್ಣು ಮಾಡಿದ ನೆನಪಿಗೆ ಇಟ್ಟದ್ದು" ಅಂತನೂ ಹೇಳ್ರಿ. ಎರಡೂ ಕೇಳಿದ ಹುಡುಗ ಬ್ಯಾರೆಬ್ಯಾರೆ ಮಾಡಿ ತಿಳಕೋತಾನ.

ಗಂಗಾವತಿ ಕಡಿಯ ಹಿರೇಬೆಣಕಲ್ಲಿನಾಗ ಇಂಥವೇ ಕಲ್ಲುಮನಿ ಅವ. 2021ರಾಗ ಅದು ಯುನೆಸ್ಕೋದ ತಾತ್ಕಾಲಿಕ ಪಟ್ಟಿಗೆ ಹೋತು. ನಮ್ಮವಕ್ಕೂ ಆ ಭಾಗ್ಯ ಬರಬಹುದು, ಬರದೇನೂ ಇರಬಹುದು. ಪಟ್ಟಿ ಬರೋ ತನಕ ಕಲ್ಲು ಇರಬೇಕಲ್ಲ? ಕಾಯೋ ಸಿಪಾಯಿ ಒಬ್ಬನೇ ಇರ್ತಾನ, ಸಂಜಿಗೆ ಅವನೂ ಮನಿಗೆ ಹೋಗ್ತಾನ. ಊರಾಗ ಹತ್ತು ಮನಿಯವರಿಗೆ ಆ ಕಲ್ಲಿನ ಕಥಿ ಗೊತ್ತಿದ್ರ, ಟ್ರ್ಯಾಕ್ಟರ್ ಬಂದು ನಿಂತಾಗ "ಏ ತಮ್ಮಾ, ಅದು ಏನಂತ ಗೊತ್ತದನು?" ಅಂತ ಕೇಳೋದಕ್ಕ ಒಬ್ಬರಾದ್ರೂ ಇರ್ತಾರ.