ನಾಲ್ಕು ಕೈ, ಇಪ್ಪತ್ತನಾಲ್ಕು ಮೂರ್ತಿ

ಆಚಮನಕ್ಕೆ ಕುಳಿತ ವಟುವು ಕೇಶವ, ನಾರಾಯಣ, ಮಾಧವ ಎಂದು ಮೂರು ಸಲ ನೀರನ್ನು ಪ್ರಾಶನಮಾಡಿ, ಬಳಿಕ ಗೋವಿಂದನಿಂದ ಮೊದಲ್ಗೊಂಡು ಶ್ರೀಕೃಷ್ಣನವರೆಗೆ ಉಚ್ಚರಿಸುತ್ತ ಹೋಗುವ ನಾಮಗಳೆಲ್ಲ ಕೂಡಿ ಇಪ್ಪತ್ತನಾಲ್ಕು. ಈ ನಾಮಗಳನ್ನು ಬಾಲ್ಯದಲ್ಲಿಯೇ ಬಾಯಿಪಾಠ ಮಾಡಿದವರು ಸಹ ಅವುಗಳ ಬೆನ್ನಿಗಿರುವ ಗಣಿತವನ್ನು ಕಾಣಬೇಕಾದರೆ ಹೊಯ್ಸಳರ ಗುಡಿಗಳ ಹೊರಗೋಡೆಯನ್ನು ಒಮ್ಮೆ ಸಾವಧಾನವಾಗಿ ಸುತ್ತಿಬರಬೇಕು.

ಅಲ್ಲಿ ಬಳಪದ ಕಲ್ಲಿನಲ್ಲಿ ನಿಂತಿರುವ ವಿಷ್ಣುಮೂರ್ತಿಗಳು ಕಿರೀಟದಲ್ಲಿಯೂ ನಿಲುವಿನಲ್ಲಿಯೂ ಬಹುಮಟ್ಟಿಗೆ ಒಂದೇ. ಶಂಖ, ಚಕ್ರ, ಗದೆ, ಪದ್ಮಗಳೊಳಗೆ ಯಾವುದು ಯಾವ ಕೈಯಲ್ಲಿದೆ ಎಂಬುದೊಂದೇ ಹೆಸರನ್ನು ನಿರ್ಣಯಿಸುವುದು. ಕೆಳಗಿನ ಬಲಗೈಯಿಂದ ಪ್ರದಕ್ಷಿಣಕ್ರಮದಲ್ಲಿ ನೋಡುತ್ತ ಬಂದರೆ ಪದ್ಮ, ಶಂಖ, ಚಕ್ರ, ಗದೆ ಎಂದಾದುದು ಕೇಶವ. ಬಲಗೈಗಳೆರಡೂ ತಮ್ಮೊಳಗೆ, ಎಡಗೈಗಳೆರಡೂ ತಮ್ಮೊಳಗೆ ಆಯುಧಗಳನ್ನು ಬದಲಾಯಿಸಿಕೊಂಡರೆ ಅದೇ ಮೂರ್ತಿ ನಾರಾಯಣನಾಗುತ್ತದೆ. ರೂವಾರಿಯ ಮುಂದೆ ಮೊದಲ ಕೈಗೆ ನಾಲ್ಕು ಆಯುಧಗಳುಂಟು. ಅದರಲ್ಲೊಂದನ್ನು ಕೊಟ್ಟಮೇಲೆ ಎರಡನೆಯದಕ್ಕೆ ಮೂರು, ಮೂರನೆಯದಕ್ಕೆ ಎರಡು. ಕೊನೆಯ ಕೈಗೆ ಉಳಿದುದೇ ಗತಿ. ನಾಲ್ಕನ್ನು ಮೂರರಿಂದಲೂ ಬಂದುದನ್ನು ಎರಡರಿಂದಲೂ ಗುಣಿಸಿದರೆ ಇಪ್ಪತ್ತನಾಲ್ಕು. ಅದಕ್ಕೆ ಮೀರಿದ ಇನ್ನೊಂದು ಕ್ರಮವಿಲ್ಲ.

ವಿಷ್ಣುವರ್ಧನನು 1117ರಲ್ಲಿ ಬೇಲೂರಿನ ಚೆನ್ನಕೇಶವನನ್ನು ಪ್ರತಿಷ್ಠೆಮಾಡಿಸಿದಾಗ ಮೂರು ವರ್ಷದ ಶಿಶುವಾಗಿದ್ದ ಭಾಸ್ಕರಾಚಾರ್ಯನು, 1150ರಲ್ಲಿ ಲೀಲಾವತಿಯನ್ನು ರಚಿಸಿ, ಅದರ ಕಡೆಯಲ್ಲಿರಿಸಿದ ‘ಅಂಕಪಾಶ’ವೆಂಬ ಪ್ರಕರಣದಲ್ಲಿ ಈ ಹರಿಯನ್ನೇ ಉದಾಹರಣೆಯಾಗಿ ತಂದನು. ಸ್ಥಾನಗಳೆಷ್ಟೋ ಅಷ್ಟರವರೆಗೆ ಒಂದರಿಂದ ತೊಡಗಿ ಅಂಕಗಳನ್ನು ಗುಣಿಸಬೇಕೆಂಬುದು ಆತನ ಸೂತ್ರ. ಎರಡರಿಂದ ಒಂಬತ್ತರವರೆಗಿನ ಎಂಟು ಅಂಕಗಳನ್ನು ಸ್ಥಳಪಲ್ಲಟಮಾಡಿದರೆ 40,320 ಸಂಖ್ಯೆಗಳು ಬರುವುವೆಂಬುದನ್ನು ಇದರಿಂದ ತಿಳಿಯಬಹುದು. ಆದರೆ ಬರಿಯ ಅಂಕಗಳಲ್ಲಿ ಆತನ ಮನಸ್ಸು ನಿಲ್ಲದೆ, ಪಾಶ, ಅಂಕುಶ, ಸರ್ಪ, ಡಮರು, ಕಪಾಲ, ಶೂಲ, ಖಟ್ವಾಂಗ, ಶಕ್ತಿ, ಬಾಣ, ಬಿಲ್ಲುಗಳನ್ನು ಹತ್ತು ಕೈಗಳಲ್ಲಿ ಧರಿಸಿದ ಶಂಭುವಿನ ಕಡೆಗೂ ತಿರುಗುತ್ತದೆ. ಆ ಶಂಭುವಿನ ಮೂರ್ತಿಭೇದಗಳು 36,28,800. ದಿನಕ್ಕೊಂದರಂತೆ ಕಡೆದರೂ ಒಂಬತ್ತು ಸಾವಿರದ ಒಂಬೈನೂರು ವರ್ಷಗಳನ್ನು ಮೀರುವ ಈ ಕೆಲಸಕ್ಕೆ ಯಾವ ಅರಸನ ಭಂಡಾರ ಸಾಕಾದೀತು! ಕೈಗಳು ನಾಲ್ಕರಿಂದ ಹತ್ತಕ್ಕೆ ಏರಿದ ಮಾತ್ರಕ್ಕೆ ಎಣಿಕೆ ಕಣ್ಣಳತೆಯನ್ನು ದಾಟಿ ಹೋಗುವುದನ್ನು ಈ ಎರಡು ದೇವತೆಗಳನ್ನು ಜೊತೆಯಾಗಿ ನಿಲ್ಲಿಸಿ ತೋರಿಸಿದುದು ಆಚಾರ್ಯನ ಬೋಧನಾಚಾತುರ್ಯವೆಂದೇ ನನ್ನ ಭಾವನೆ.

ಇಂತಹ ಎಣಿಕೆ ಕನ್ನಡನಾಡಿಗೆ ಹೊಸದಾಗಿರಲಿಲ್ಲ. ನೃಪತುಂಗನ ಕಾಲದ ಮಹಾವೀರಾಚಾರ್ಯನು ಸುಮಾರು 850ರಲ್ಲಿಯೇ ಗಣಿತಸಾರಸಂಗ್ರಹದಲ್ಲಿ, ಹಲವು ವಸ್ತುಗಳಿಂದ ಕೆಲವನ್ನು ಆರಿಸುವ ಬಗೆಗಳಿಗೆ ಸಾಮಾನ್ಯ ಸೂತ್ರವನ್ನು ಕೊಟ್ಟಿದ್ದನು. ಆದರೆ ರೂವಾರಿಗಳು ಇಂತಹ ಗ್ರಂಥಗಳನ್ನು ನೋಡಿಯೇ ಉಳಿಯನ್ನು ಹಿಡಿದರೆಂದು ನಾನು ಹೇಳಲಾರೆ. ಮೂರ್ತಿಲಕ್ಷಣವನ್ನು ಹೇಳುವ ಶಾಸ್ತ್ರಗಳು ಅವರಿಗೆ ಬೇರೆಯೇ ಇದ್ದುವು, ಯಾವ ಕ್ರಮಕ್ಕೆ ಯಾವ ಹೆಸರೆಂಬಲ್ಲಿ ಅವುಗಳೊಳಗೆ ಅಲ್ಲಲ್ಲಿ ಭಿನ್ನಾಭಿಪ್ರಾಯವೂ ಇದ್ದಿತು.

ಸೋಮನಾಥಪುರದ ಮೂರು ಗರ್ಭಗೃಹಗಳಲ್ಲಿ ಜನಾರ್ದನನೂ ವೇಣುಗೋಪಾಲನೂ ಉಳಿದಿರುವರು; ನಡುವಣ ಕೇಶವನ ಮೂಲವಿಗ್ರಹ ಮಾತ್ರ ಕಾಣೆಯಾಗಿದೆ. ಆದರೂ ಆ ದೇವನ ಹೆಸರು ಅಳಿಯದೆ ಉಳಿದಿರುವುದರಿಂದ, ಅವನ ಕೆಳಗಿನ ಬಲಗೈಯಲ್ಲಿ ಪದ್ಮವೂ ಅದರ ಮೇಲಿನದರಲ್ಲಿ ಶಂಖವೂ ಇದ್ದುವೆಂದು ನಾವು ಇಂದಿಗೂ ಹೇಳಬಲ್ಲೆವು.