ತಾತನ ಜಾವಾ, ಯಾರ ಹೆಸರಲ್ಲಿದೆ?

ಇವತ್ತಿನ ಕಥೆ ನಮ್ಮನೆ ಶೆಡ್ಡಿನಿಂದಲೇ ಶುರು. ಅಲ್ಲಿ ತಾತನ ಜಾವಾ ನಿಂತಿದೆ, ಮೈಸೂರಿನ ಐಡಿಯಲ್ ಜಾವಾ ಕಾರ್ಖಾನೆಯದು. ನಂಬರ್ ಪ್ಲೇಟಲ್ಲಿ ‘ಎಂವೈ’. ಅಂದ್ರೆ ರಾಜ್ಯಕ್ಕೆ 1973ರಲ್ಲಿ ಕರ್ನಾಟಕ ಅಂತ ಹೆಸರಾಗೋಕೂ ಮುಂಚಿನ ಗಾಡಿ. ಈಗಿನ ‘ಕೆಎ’ ಬಂದಿದ್ದು 1988ರ ಮೋಟಾರು ವಾಹನ ಕಾಯ್ದೆ, 1989ರ ಜುಲೈ 1ರಂದು ಜಾರಿಯಾದ ಮೇಲೆ.

ತಾತ ತೀರಿಕೊಂಡು ಹನ್ನೊಂದು ವರ್ಷ. ಆರ್‌ಸಿಯಲ್ಲಿ ಇನ್ನೂ ಅವರದೇ ಹೆಸರು. “ಮಾಡಿಸಿದ್ರಾಯ್ತು ಬಿಡೋ” ಅಂತ ಅಪ್ಪ ಮುಂದೂಡುತ್ತಲೇ ಬಂದರು.

ಫೀಸು ಅಷ್ಟೊಂದು ಜಾಸ್ತಿನಾ? ಬೈಕ್ ನೋಂದಣಿಗೆ ಮೊದಲು 60 ರೂಪಾಯಿ ಇತ್ತು. 2016ರ ಡಿಸೆಂಬರ್ ಕೊನೆಗೆ 300 ಆಯಿತು. ಹೆಸರು ಬದಲಾವಣೆಗೆ ಅದರರ್ಧ, 150. ಹದಿನೈದು ವರ್ಷ ದಾಟಿದ ಬೈಕಿನ ಆರ್‌ಸಿ ನವೀಕರಣ ಮಾತ್ರ 2022ರ ಏಪ್ರಿಲ್‌ನಲ್ಲಿ 300ರಿಂದ 1,000ಕ್ಕೆ ಏರಿತ್ತು. ಹೊಸ ಬೈಕಿಗೆ ನಿಜವಾಗಿ ಜೇಬು ಸುಡೋದು ಈ ಫೀಸಲ್ಲ, ಬೆಲೆಯ ಮೇಲೆ ಶೇಕಡಾವಾರು ಕಟ್ಟೋ ಆಜೀವ ತೆರಿಗೆ.

ಹೆಸರು ಬದಲಿಸದಿದ್ದರೆ ಇನ್ನೂ ದುಬಾರಿ. ಒಂದು ಕಾರು ಕೈಯಿಂದ ಕೈಗೆ ಮಾರಾಟವಾಗಿತ್ತು, ಆರ್‌ಸಿ ಮಾತ್ರ ಮೊದಲನೆಯವರ ಹೆಸರಲ್ಲೇ ಉಳಿದಿತ್ತು. ಅಪಘಾತದಲ್ಲಿ ಮಗುವೊಂದು ಸತ್ತಿತು. 2018ರಲ್ಲಿ ಸುಪ್ರೀಂ ಕೋರ್ಟ್ ಹೇಳಿತು: ದಾಖಲೆಯಲ್ಲಿ ಯಾರ ಹೆಸರಿದೆಯೋ ಅವರೇ ಮಾಲೀಕರು, ಪರಿಹಾರದ ಹೊಣೆ ಅವರದೇ.

ಅದಕ್ಕೇ ಬೈಕ್ ಮಾರಿದವರು 14 ದಿನದೊಳಗೆ ಆರ್‌ಟಿಒಗೆ ತಿಳಿಸಬೇಕು. ಮಾಲೀಕರು ತೀರಿಕೊಂಡರೆ ಮೂರು ತಿಂಗಳೊಳಗೆ ವಾರಸುದಾರರು ಅರ್ಜಿ ಹಾಕಬೇಕು.

ನಾವು ಹನ್ನೊಂದು ವರ್ಷ ತಡ. ನಾಳೆ ಅಪ್ಪನ ಜತೆ ಹೊರಟಿದ್ದೀನಿ. ನೀವು ಸೆಕೆಂಡ್ ಹ್ಯಾಂಡ್ ಬೈಕ್ ಓಡಿಸ್ತಿದ್ರೆ, ಇವತ್ತೇ ಆರ್‌ಸಿ ತೆಗೆದು ಹೆಸರು ನೋಡಿ.